ಒಡೆಯರ ಕಲೆ, ಆಶ್ರಯದ ವಿದ್ವತ್ತು

1895ರಲ್ಲಿ ಲಂಡನ್ನಿನ ಓದುಗರಿಗೆ ಒಂದು ದಪ್ಪ ಜರ್ಮನ್ ಗ್ರಂಥ ಇಂಗ್ಲಿಷಿನಲ್ಲಿ ಸಿಕ್ಕಿತು. ಅಡಾಲ್ಫ್ ಫುರ್ಟ್‌ವೆಂಗ್ಲರ್ ಅವರು ಗ್ರೀಕ್ ಶಿಲ್ಪದ ಮೇರುಕೃತಿಗಳನ್ನು ಕುರಿತು ಬರೆದದ್ದು ಅದು. ಗ್ರೀಕರ ಮೂಲ ಪ್ರತಿಮೆಗಳಲ್ಲಿ ಹೆಚ್ಚಿನವು ನಮಗೆ ಉಳಿದಿಲ್ಲ, ಕಂಚಿನವಂತೂ ಕರಗಿಹೋಗಿವೆ. ಉಳಿದಿರುವುದು ರೋಮನ್ನರ ಕಾಲದಲ್ಲಿ ಅಮೃತಶಿಲೆಯಲ್ಲಿ ಕಡೆದ ಪ್ರತಿಗಳು. ಅವನ್ನು ಒಂದರ ಪಕ್ಕ ಇನ್ನೊಂದನ್ನು ಇಟ್ಟು ಸೂಕ್ಷ್ಮವಾಗಿ ಹೋಲಿಸಿದರೆ ಫಿಡಿಯಾಸನ ಕೈಚಳಕ, ಪ್ರಾಕ್ಸಿಟಿಲೀಸನ ಕೈಚಳಕ ಮತ್ತೆ ಹೊಳೆಯುತ್ತದೆ ಎಂಬುದು ಅವರ ನಂಬಿಕೆ. ಡ್ರೆಸ್ಡೆನ್ ನಗರದಲ್ಲಿದ್ದ ಒಂದು ಮುಂಡಕ್ಕೂ ಬೊಲೊನ್ಯಾದಲ್ಲಿದ್ದ ಒಂದು ತಲೆಗೂ ಸಂಬಂಧ ಕಟ್ಟಿ ಫಿಡಿಯಾಸನ ಅಥೀನಾಳನ್ನು ಅವರು ಎಬ್ಬಿಸಿ ನಿಲ್ಲಿಸಿದ್ದು ಆಗಿನ ಕಾಲಕ್ಕೆ ದೊಡ್ಡ ಸುದ್ದಿ. ಈ ಬಗೆಯ ನೋಟಕ್ಕೆ ರೋಮನ್ ಶಿಲ್ಪಿ ಒಬ್ಬ ನಕಲುಗಾರ. ಅವನು ಎಷ್ಟು ಕಡಿಮೆ ಕಾಣಿಸಿಕೊಂಡರೆ ಅಷ್ಟು ಒಳ್ಳೆಯದು. ಐದು ವರ್ಷ ಕಳೆದು 1900ರಲ್ಲಿ ಇನ್ನೊಂದು ಅನುವಾದ ಬಂತು. ಇದು ವಿಯೆನ್ನಾದ ಫ್ರಾಂಜ್ ವಿಕ್‌ಹಾಫ್ ಅವರದು. ರೋಮನ್ ಕಲೆಗೆ ಅದರದೇ ಗುರಿ, ಅದರದೇ ಕಥನಕ್ರಮ, ಬೆಳಕು ನೆರಳುಗಳ ಅದರದೇ ಬಳಕೆ ಇತ್ತು. ಗ್ರೀಸಿನ ಅಳತೆಗೋಲಿನಿಂದ ಅದನ್ನು ಅಳೆಯುವುದೇ ತಪ್ಪು ಎಂದು ಇದು ವಾದಿಸಿತು. ಒಂದಕ್ಕೊಂದು ಎದುರಾಗಿ ನಿಂತ ಈ ಎರಡು ಗ್ರಂಥಗಳನ್ನೂ ಇಂಗ್ಲಿಷಿಗೆ ತಂದವರು ಒಬ್ಬರೇ: ಯೂಜೆನಿ ಸೆಲ್ಲರ್ಸ್ ಸ್ಟ್ರಾಂಗ್.

ಇಂಗ್ಲಿಷ್ ತಂದೆಗೂ ಫ್ರೆಂಚ್ ತಾಯಿಗೂ 1860ರಲ್ಲಿ ಲಂಡನ್ನಿನಲ್ಲಿ ಹುಟ್ಟಿ, 1943ರಲ್ಲಿ ರೋಮ್ ನಗರದಲ್ಲಿ ತೀರಿಕೊಂಡ ಈಕೆ ಯಾವ ವಿಶ್ವವಿದ್ಯಾಲಯದಲ್ಲೂ ಪ್ರಾಧ್ಯಾಪಕಿ ಆಗಿರಲಿಲ್ಲ. ಆದರೂ 20ನೇ ಶತಮಾನದ ಮೊದಲ ಮೂವತ್ತು ವರ್ಷಗಳಲ್ಲಿ ಇಂಗ್ಲಿಷಿನಲ್ಲಿ ರೋಮನ್ ಶಿಲ್ಪದ ಬಗ್ಗೆ ಗಂಭೀರವಾಗಿ ಓದಬಯಸಿದವರು ಮೊದಲು ಕೈಗೆತ್ತಿಕೊಳ್ಳಬೇಕಿದ್ದದ್ದು ಇವರ ಪುಸ್ತಕವನ್ನೇ. ನಂತರ ಹೆಸರು ಮಸುಕಾಯಿತು. 2000ದಲ್ಲಿ ಮೇರಿ ಬಿಯರ್ಡ್ ಅವರು ಜೇನ್ ಹ್ಯಾರಿಸನ್ ಬಗ್ಗೆ ಬರೆದ ಪುಸ್ತಕದಲ್ಲಿ, ಒಂದೇ ಕಾಲದ ಇಬ್ಬರು ವಿದುಷಿಯರಲ್ಲಿ ಒಬ್ಬರು ದಂತಕಥೆಯಾಗಿ ಇನ್ನೊಬ್ಬರು ಮರೆವಿಗೆ ಸಂದದ್ದು ಏಕೆ ಎಂದು ಕೇಳಿದರು. 2004ರಲ್ಲಿ ಸ್ಟೀಫನ್ ಡೈಸನ್ ಪೂರ್ಣ ಜೀವನಚರಿತ್ರೆಯನ್ನೇ ಬರೆದರು. ಮರೆವಿಗೆ ಸಾಮಾನ್ಯವಾಗಿ ಎರಡು ಕಾರಣ ಕೊಡುತ್ತಾರೆ. ಹೆಣ್ಣು ಎಂಬುದು ಒಂದು, ಮುಸೊಲಿನಿಯನ್ನು ಮೆಚ್ಚಿದರು ಎಂಬುದು ಇನ್ನೊಂದು. ಎರಡೂ ನಿಜ. ಆದರೆ ಇವನ್ನು ಅಕ್ಕಪಕ್ಕ ಇಟ್ಟು, ಒಂದು ಕನಿಕರಕ್ಕೆ, ಇನ್ನೊಂದು ಖಂಡನೆಗೆ ಎಂದು ಹಂಚಿಬಿಟ್ಟರೆ ಆಕೆಯ ವಿದ್ವತ್ತು ಕೈ ತಪ್ಪುತ್ತದೆ. ನನ್ನ ವಾದ ಇಷ್ಟು: ಸ್ಟ್ರಾಂಗ್ ಅವರ ಬದುಕು ಮೊದಲಿನಿಂದ ಕೊನೆಯವರೆಗೂ ಆಶ್ರಯದ ನೆರಳಿನಲ್ಲಿ ನಡೆಯಿತು, ರೋಮನ್ ಕಲೆ ಕೂಡ ಆಶ್ರಯದಲ್ಲೇ ಬೆಳೆದ ಕಲೆ. ಇಂಥ ಕಲೆಯನ್ನು ಕೀಳೆಂದು ನೋಡದ ಕಣ್ಣು ಆಕೆಗೆ ಬಂದದ್ದು ಆ ಬದುಕಿನಿಂದ. ಆ ಕಲೆ ಯಾರನ್ನು ಚಿತ್ರದಿಂದ ಹೊರಗಿಟ್ಟಿದೆ ಎಂದು ಕೇಳದೆ ಹೋದದ್ದಕ್ಕೂ ಬೇರು ಅಲ್ಲೇ ಇದೆ.

ಕೇಂಬ್ರಿಡ್ಜಿನ ಗರ್ಟನ್ ಕಾಲೇಜಿನಲ್ಲಿ ಆಕೆ ಗ್ರೀಕ್, ಲ್ಯಾಟಿನ್ ಓದಿ 1882ರಲ್ಲಿ ಪರೀಕ್ಷೆ ಬರೆದರು. ಸಿಕ್ಕಿದ್ದು ಮೂರನೇ ದರ್ಜೆ. ಪದವಿ ಸಿಗಲಿಲ್ಲ, ಹೆಣ್ಣುಮಕ್ಕಳಿಗೆ ಕೇಂಬ್ರಿಡ್ಜ್ ಪೂರ್ಣ ಪದವಿ ಕೊಟ್ಟದ್ದು 1948ರಲ್ಲಿ. ಮೂರನೇ ದರ್ಜೆಯವರು ವಿದ್ವತ್ತಿನ ದಾರಿಗೆ ಬರುವುದು ಗಂಡಸರಿಗೇ ಕಷ್ಟವಾಗಿದ್ದ ಕಾಲ. ಆಕೆ ಕೆಲಕಾಲ ಶಾಲೆಯಲ್ಲಿ ಪಾಠ ಮಾಡಿ ಲಂಡನ್ನಿಗೆ ಬಂದು ಬ್ರಿಟಿಷ್ ಮ್ಯೂಸಿಯಮ್ಮಿನ ಚಾರ್ಲ್ಸ್ ನ್ಯೂಟನ್ ಅವರ ಬಳಿ ಕಲಿತರು. ಅದೇ ಮ್ಯೂಸಿಯಮ್ಮಿನ ಪ್ರತಿಮೆಗಳ ನಡುವೆ ನಿಂತು ಸಾರ್ವಜನಿಕರಿಗೆ ಉಪನ್ಯಾಸ ಕೊಟ್ಟರು. 1890ರಲ್ಲಿ ಅಥೆನ್ಸಿನ ಬ್ರಿಟಿಷ್ ಶಾಲೆಗೆ ಸೇರಿದ ಮೊದಲ ವಿದ್ಯಾರ್ಥಿನಿ ಈಕೆ. ಆಮೇಲೆ ಮ್ಯೂನಿಕ್. ಬವೇರಿಯಾದ ವಿಶ್ವವಿದ್ಯಾಲಯಗಳು ಹೆಣ್ಣುಮಕ್ಕಳಿಗೆ ವಿಧಿವತ್ತಾಗಿ ಬಾಗಿಲು ತೆರೆದದ್ದು 1903ರಲ್ಲಿ. ಅದಕ್ಕೆ ಸುಮಾರು ಹತ್ತು ವರ್ಷ ಮೊದಲೇ ಈಕೆ ಫುರ್ಟ್‌ವೆಂಗ್ಲರ್ ಅವರ ಬಳಿ ಕಲಿಯುತ್ತಿದ್ದರು. ಕಲಿಯಬೇಕೆಂದರೆ ಒಬ್ಬ ದೊಡ್ಡ ವಿದ್ವಾಂಸನ ಒಪ್ಪಿಗೆ ಬೇಕು, ಆ ಒಪ್ಪಿಗೆಗೆ ಪ್ರತಿಯಾಗಿ ಉಪಯುಕ್ತರಾಗಬೇಕು. ಅನುವಾದ ಹಾಗೆ ಉಪಯುಕ್ತವಾಗುವ ಒಂದು ಬಗೆ. ಶ್ಲೀಮನ್ ಅವರ ಉತ್ಖನನಗಳನ್ನು ಕುರಿತ ಶುಕ್‌ಹಾರ್ಟ್ ಅವರ ಪುಸ್ತಕ 1891ರಲ್ಲಿ, ಫುರ್ಟ್‌ವೆಂಗ್ಲರ್ 1895ರಲ್ಲಿ. 1896ರಲ್ಲಿ ಪ್ಲಿನಿ ಕಲೆಯ ಇತಿಹಾಸದ ಬಗ್ಗೆ ಬರೆದ ಅಧ್ಯಾಯಗಳು. ಈ ಕೊನೆಯದರಲ್ಲಿ ಅನುವಾದ ಕ್ಯಾಥರಿನ್ ಜೆಕ್ಸ್-ಬ್ಲೇಕ್ ಅವರದು, ಟಿಪ್ಪಣಿ ಮತ್ತು ಪೀಠಿಕೆ ಇವರದು. ಬೇರೊಬ್ಬರ ಪಠ್ಯದ ಅಂಚಿನಲ್ಲೇ ಆದರೂ ಸ್ವಂತ ದನಿ ಎದ್ದು ಕೇಳಿಸತೊಡಗಿದ್ದು ಇಲ್ಲಿ.

1897ರಲ್ಲಿ ಆಕೆ ಮದುವೆಯಾದದ್ದು ಆರ್ಥರ್ ಸ್ಟ್ರಾಂಗ್ ಅವರನ್ನು. ಸಂಸ್ಕೃತ, ಪಾಲಿ, ಅರಬ್ಬಿ ಬಲ್ಲ ಮನುಷ್ಯ; ಪಾಲಿಯ 'ಮಹಾಬೋಧಿವಂಸ'ವನ್ನು ಸಂಪಾದಿಸಿದವರು. ಅವರ ಜೀವನೋಪಾಯ ಮಾತ್ರ ಪುಸ್ತಕಭಂಡಾರಗಳಲ್ಲಿತ್ತು: ಡೆವನ್‌ಶೈರಿನ ಡ್ಯೂಕ್ ಮನೆತನದ ಚಾಟ್ಸ್‌ವರ್ತ್ ಗ್ರಂಥಾಲಯ, ಜೊತೆಗೆ ಹೌಸ್ ಆಫ್ ಲಾರ್ಡ್ಸ್‌ನ ಗ್ರಂಥಾಲಯ. 1904ರಲ್ಲಿ ಅವರು ತೀರಿಕೊಂಡಾಗ ಡ್ಯೂಕ್ ಆ ಚಾಟ್ಸ್‌ವರ್ತ್ ಕೆಲಸವನ್ನು ವಿಧವೆಗೆ ಕೊಟ್ಟರು. 1908ರಲ್ಲಿ ಆ ಡ್ಯೂಕ್ ಸತ್ತರು, ಕೆಲಸವೂ ಮುಗಿಯಿತು. ಆಶ್ರಯದ ಲಕ್ಷಣವೇ ಇದು: ಕೊಡುವ ಕೈ ಉದಾರವಾಗಿರಬಹುದು, ಆದರೆ ಆ ಕೈ ಇರುವವರೆಗೆ ಮಾತ್ರ. ಈ ನಾಲ್ಕು ವರ್ಷಗಳು ಆಕೆಯ ಕಣ್ಣನ್ನು ಹೇಗೆ ತಿದ್ದಿರಬೇಕು ಎಂದು ಊಹಿಸುವುದು ಕಷ್ಟವಲ್ಲ. ಚಾಟ್ಸ್‌ವರ್ತಿನಂಥ ಮನೆಯಲ್ಲಿ ಒಂದು ಪ್ರತಿಮೆ ವಸ್ತುಸಂಗ್ರಹಾಲಯದ ಸಂಖ್ಯೆ ಹೊತ್ತು ನಿಲ್ಲುವುದಿಲ್ಲ. ಅದನ್ನು ಯಾರು ಕೊಂಡರು, ಯಾವ ಕೋಣೆಗೆಂದು ಕೊಂಡರು, ಬಂದ ಅತಿಥಿಗೆ ಅದು ಏನನ್ನು ತೋರಿಸಬೇಕಿತ್ತು ಎಂಬುದೆಲ್ಲ ಅದರ ಜೊತೆಗೇ ಇರುತ್ತದೆ. ಕಲೆಗೆ ಒಡೆಯನೊಬ್ಬ ಇರುತ್ತಾನೆ, ಒಡೆಯನಿಗೆ ಒಂದು ಉದ್ದೇಶ ಇರುತ್ತದೆ, ಅದರಿಂದ ಕಲೆಯ ಬೆಲೆ ಕುಂದುವುದಿಲ್ಲ. ಅಲ್ಲಿದ್ದಾಗಲೇ, 1907ರಲ್ಲಿ, ಆಗಸ್ಟಸ್‌ನಿಂದ ಕಾನ್‌ಸ್ಟಂಟೈನ್‌ವರೆಗಿನ ರೋಮನ್ ಶಿಲ್ಪವನ್ನು ಕುರಿತ ಆಕೆಯ ಮುಖ್ಯ ಗ್ರಂಥ ಹೊರಬಂತು.

ಆ ಗ್ರಂಥ ಯಾವುದಕ್ಕೆ ಎದುರಾಗಿ ನಿಂತಿತ್ತು ಎಂದು ತಿಳಿಯದೆ ಅದರ ದಿಟ್ಟತನ ಅರ್ಥವಾಗದು. 1764ರಲ್ಲಿ ವಿಂಕೆಲ್‌ಮನ್ ಬರೆದ ಪ್ರಾಚೀನ ಕಲೆಯ ಇತಿಹಾಸದಲ್ಲಿ ಕಲೆ ಹುಟ್ಟಿ, ಬೆಳೆದು, ಗ್ರೀಸಿನಲ್ಲಿ ಮಾಗಿ, ಆಮೇಲೆ ಇಳಿಯುತ್ತದೆ. ರೋಮ್ ಬರುವುದು ಆ ಇಳಿಜಾರಿನಲ್ಲಿ. ಇದರ ಹಿಂದೆ ರೋಮನ್ನರದೇ ಸಾಕ್ಷ್ಯವೂ ಇತ್ತು. ವರ್ಜಿಲ್ ತನ್ನ ಮಹಾಕಾವ್ಯದ ಆರನೇ ಸರ್ಗದಲ್ಲಿ ಶಿಲ್ಪದ ಹಿರಿಮೆಯನ್ನು ಬೇರೆಯವರಿಗೆ ಬಿಟ್ಟುಕೊಟ್ಟು, ಆಳುವ ವಿದ್ಯೆಯನ್ನು ರೋಮನ್ನರಿಗೆ ಉಳಿಸಿಕೊಂಡಿದ್ದಾನೆ. ಹೀಗಾಗಿ ನೂರೈವತ್ತು ವರ್ಷ ವಿದ್ವಾಂಸರು ರೋಮನ್ ಶಿಲ್ಪವನ್ನು ನೋಡಿದ್ದು ಒಂದೋ ಗ್ರೀಕ್ ಮೂಲಕ್ಕೆ ಸುಳಿವಾಗಿ, ಇಲ್ಲವೇ ರೋಮನ್ ಇತಿಹಾಸಕ್ಕೆ ದಾಖಲೆಯಾಗಿ. ಟ್ರೇಜನ್‌ನ ಕಂಬದಲ್ಲಿ ಸೈನಿಕರ ಗುರಾಣಿ ಯಾವ ಆಕಾರದ್ದು ಎಂದು ನೋಡುತ್ತಿದ್ದರು. ಆ ಕಂಬ ಶಿಲ್ಪವಾಗಿ ಏನು ಮಾಡುತ್ತಿದೆ ಎಂದು ಕೇಳಿದವರು ವಿರಳ. ಸ್ಟ್ರಾಂಗ್ ಆ ಪ್ರಶ್ನೆಯನ್ನು ಪುಟಗಟ್ಟಲೆ ಕೇಳಿದರು. ಟೈಟಸ್‌ನ ಕಮಾನಿನ ಒಳಗೋಡೆಯಲ್ಲಿ ಎರಡು ಫಲಕಗಳಿವೆ: ಒಂದರಲ್ಲಿ ಜೆರೂಸಲೇಮಿನ ದೇವಾಲಯದಿಂದ ಕೊಳ್ಳೆ ಹೊಡೆದ ಏಳು ಕವಲಿನ ದೀಪಸ್ತಂಭವನ್ನು ಹೊತ್ತು ಸೈನಿಕರು ಸಾಗುತ್ತಾರೆ, ಇನ್ನೊಂದರಲ್ಲಿ ಟೈಟಸ್ ನಾಲ್ಕು ಕುದುರೆಗಳ ರಥದಲ್ಲಿ ನಿಂತಿದ್ದಾನೆ. ಹಿಂದಿನ ಸಾಲಿನವರನ್ನು ತೆಳುವಾಗಿ, ಮುಂದಿನವರನ್ನು ಆಳವಾಗಿ ಕಡೆದು, ನಡುವೆ ಗಾಳಿ ಆಡುವಷ್ಟು ಜಾಗವಿದೆಯೆಂದು ಕಣ್ಣು ನಂಬುವಂತೆ ಮಾಡಿದ್ದನ್ನು ವಿಕ್‌ಹಾಫ್ ಎತ್ತಿ ತೋರಿಸಿದ್ದರು. ಸ್ಟ್ರಾಂಗ್ ಇದನ್ನು ಒಪ್ಪಿಕೊಂಡು ಒಂದು ಹೆಜ್ಜೆ ಮುಂದೆ ಹೋಗುತ್ತಾರೆ. ಆ ಮೆರವಣಿಗೆ ಯಾವ ದಾರಿಯಲ್ಲಿ ನಿಜಕ್ಕೂ ನಡೆಯಿತೋ ಅದೇ ದಾರಿಯ ಮೇಲೆ ಆ ಕಮಾನು ನಿಂತಿದೆ. ನೋಡುವವನು ಅದರ ಕೆಳಗೆ ನಡೆಯುತ್ತಾನೆ. ಹಾಗಾಗಿ ಶಿಲ್ಪದ ತಂತ್ರ, ಅದನ್ನು ನಿಲ್ಲಿಸಿದ ಜಾಗ, ನಿಲ್ಲಿಸಿದವನ ಉದ್ದೇಶ, ಈ ಮೂರೂ ಕೂಡಿದ್ದು ಕಲಾಕೃತಿ.

ಟ್ರೇಜನ್‌ನ ಕಂಬದ ಬಗ್ಗೆ ಬರೆದ ಭಾಗ ಇನ್ನೂ ವಿಸ್ತಾರವಾದದ್ದು. ಕ್ರಿ.ಶ. 113ರಲ್ಲಿ ಪ್ರತಿಷ್ಠಾಪಿಸಿದ ಈ ಕಂಬದ ಮೈಸುತ್ತ ಸುಮಾರು 200 ಮೀಟರ್ ಉದ್ದದ ಉಬ್ಬುಶಿಲ್ಪ ಹಬ್ಬಿದೆ. ಎರಡೂವರೆ ಸಾವಿರಕ್ಕೂ ಹೆಚ್ಚು ಆಕೃತಿಗಳು, ಅವುಗಳ ನಡುವೆ ಚಕ್ರವರ್ತಿ 60ರ ಸಮೀಪ ಸಲ ಕಾಣಿಸಿಕೊಳ್ಳುತ್ತಾನೆ. ಕಾದಾಟಕ್ಕಿಂತ ಹೆಚ್ಚಾಗಿ ಅಲ್ಲಿ ನಡೆಯುವುದು ನದಿ ದಾಟುವುದು, ಕೋಟೆ ಕಟ್ಟುವುದು, ಬಲಿ ಕೊಡುವುದು, ಸೈನಿಕರನ್ನು ಉದ್ದೇಶಿಸಿ ಮಾತಾಡುವುದು. ಒಂದು ದೃಶ್ಯ ಎಲ್ಲಿ ಮುಗಿದು ಇನ್ನೊಂದು ಎಲ್ಲಿ ತೊಡಗಿತು ಎಂದು ಗೆರೆ ಎಳೆದಿಲ್ಲ. ಕೊನ್ರಾಡ್ ಸಿಕೋರಿಯಸ್ ಎಂಬ ಜರ್ಮನ್ ವಿದ್ವಾಂಸರು ಅದನ್ನು 155 ದೃಶ್ಯಗಳಾಗಿ ವಿಂಗಡಿಸಿದ್ದರು. ಸ್ಟ್ರಾಂಗ್ ಆ ವಿಂಗಡಣೆಯನ್ನು ಹಿಡಿದೇ ಹೊರಟು, ಹರಿವು ಎಲ್ಲಿಯೂ ಕಡಿಯದಿರುವುದೇ ಈ ಕಲೆಯ ಸಾಧನೆ ಎಂದು ತೋರಿಸುತ್ತಾರೆ. ಗ್ರೀಕ್ ದೇವಾಲಯದ ಪಟ್ಟಿಕೆಯಲ್ಲಿ ಒಂದು ಕ್ಷಣ ನಿಲ್ಲುತ್ತದೆ. ಇಲ್ಲಿ ಒಂದು ದಂಡಯಾತ್ರೆ ಮೊದಲಿನಿಂದ ಕೊನೆಯವರೆಗೆ ಸರಿದುಹೋಗುತ್ತದೆ, ಮತ್ತು ಅದರ ಸೂತ್ರ ಒಬ್ಬನ ಕೈಯಲ್ಲಿದೆ ಎಂದು ಪ್ರತಿ ಸುತ್ತೂ ನೆನಪಿಸುತ್ತದೆ. ಸರ್ಕಾರಿ ಕಲೆ ಎಂದೊಡನೆ ಜಡ, ಪೊಳ್ಳು ಎನ್ನುವ ತೀರ್ಪು ನಮ್ಮ ನಾಲಗೆ ತುದಿಯಲ್ಲೇ ಇರುತ್ತದೆ. ಆಜ್ಞೆಯ ಮೇರೆಗೆ ಮಾಡಿದ ಕೆಲಸದಲ್ಲೂ ಹೊಸ ರೂಪ ಹುಟ್ಟಬಲ್ಲದು, ಎಷ್ಟೋ ಸಲ ಆಜ್ಞೆಯೇ ಅದನ್ನು ಹುಟ್ಟಿಸುತ್ತದೆ ಎಂದು ತೋರಿಸಿಕೊಟ್ಟದ್ದು ಈ ಗ್ರಂಥದ ನಿಜವಾದ ಕೊಡುಗೆ.

ಇದಕ್ಕೆ ಬರುವ ಮೊದಲ ಆಕ್ಷೇಪ ಹಳೆಯದು: ಇದೆಲ್ಲ ವಿಯೆನ್ನಾದ ಸರಕು, ಸ್ಟ್ರಾಂಗ್ ಅದನ್ನು ಇಂಗ್ಲಿಷಿಗೆ ಸಾಗಿಸಿದರು, ಅಷ್ಟೆ. ವಿಕ್‌ಹಾಫ್ 1895ರಲ್ಲಿ, ಅಲೋಯ್ಸ್ ರೀಗ್ಲ್ 1901ರಲ್ಲಿ ಮುಖ್ಯ ಮಾತುಗಳನ್ನು ಆಡಿ ಮುಗಿಸಿದ್ದರು ಎಂಬುದು ನಿಜ. ಆದರೆ ಅವರ ಗುರಿ ಬೇರೆ. ವಿಕ್‌ಹಾಫ್ ಹೊರಟದ್ದು ವಿಯೆನ್ನಾದಲ್ಲಿದ್ದ ಬೈಬಲ್ಲಿನ ಒಂದು ಸಚಿತ್ರ ಹಸ್ತಪ್ರತಿಯಿಂದ. ಅದರ ಚಿತ್ರಕ್ರಮಕ್ಕೆ ಪೂರ್ವಜರನ್ನು ಹುಡುಕುತ್ತ ಅವರು ರೋಮಿಗೆ ಬಂದರು. ರೀಗ್ಲ್ ಕೊನೆಗಾಲದ ರೋಮನ್ ಕುಸುರಿ ಕೆಲಸದಲ್ಲಿ, ಒಡವೆ ಕೊಕ್ಕೆಗಳಲ್ಲಿ, ಒಂದು ಕಾಲದ ರೂಪಬಯಕೆಯನ್ನು ಓದಿದರು. ಇಬ್ಬರಿಗೂ ಪ್ರಶ್ನೆ ರೂಪದ್ದು. ಆ ರೂಪ ಯಾವ ಚೌಕದಲ್ಲಿ, ಯಾರ ಖರ್ಚಿನಲ್ಲಿ, ಯಾವ ಗೆಲುವಿನ ಮರುದಿನ ಎದ್ದು ನಿಂತಿತು ಎಂಬುದನ್ನು ಕೇಂದ್ರಕ್ಕೆ ತಂದು, ಒಂದೊಂದೇ ಸ್ಮಾರಕ ಹಿಡಿದು, ನಾಲ್ಕು ಶತಮಾನಗಳ ಕಥೆಯಾಗಿ ಹೇಳಿದ್ದು ಸ್ಟ್ರಾಂಗ್. ಇನ್ನು ಸಾಗಣೆಯನ್ನು ಹಗುರವಾಗಿ ಕಾಣುವ ಅಭ್ಯಾಸದ ಬಗ್ಗೆ ಒಂದು ಮಾತು. ಫುರ್ಟ್‌ವೆಂಗ್ಲರ್ ಮತ್ತು ವಿಕ್‌ಹಾಫ್ ಇಬ್ಬರ ವಾದವನ್ನೂ ಸಾಲು ಸಾಲಾಗಿ ತನ್ನ ಭಾಷೆಯಲ್ಲಿ ಕಟ್ಟಿ ನೋಡಿದವರಿಗೆ, ಎರಡರ ಹೊಲಿಗೆ ಎಲ್ಲಿ ಬಿಗಿ, ಎಲ್ಲಿ ಸಡಿಲ ಎಂದು ಗೊತ್ತಾಗುವಂತೆ ಆ ಗ್ರಂಥಕರ್ತರಿಗೇ ಗೊತ್ತಾಗಿರಲಾರದು. ಗುರುವಿನ ಪುಸ್ತಕವನ್ನು ಅನುವಾದಿಸಿ ಐದೇ ವರ್ಷಕ್ಕೆ ಗುರುವಿನ ಎದುರುಪಕ್ಷದ ಪುಸ್ತಕವನ್ನು ಅನುವಾದಿಸುವುದು ಸಾಗಣೆದಾರರ ಕೆಲಸವಲ್ಲ, ಪಕ್ಷ ಆರಿಸಿಕೊಂಡವರ ಕೆಲಸ.

ಎರಡನೇ ಆಕ್ಷೇಪ ಇದಕ್ಕಿಂತ ಗಟ್ಟಿ. ಬದುಕಿನಿಂದ ವಿದ್ವತ್ತನ್ನು ವಿವರಿಸುವುದು ಅಪಾಯದ ಕೆಲಸ. ಡ್ಯೂಕನ ಮನೆಯಲ್ಲಿ ಸಂಬಳ ಪಡೆದವರೆಲ್ಲ ಆಗಸ್ಟಸ್‌ನ ಶಿಲ್ಪವನ್ನು ಮೆಚ್ಚಲಿಲ್ಲ, ವಿಯೆನ್ನಾದಲ್ಲಿ ಭದ್ರವಾದ ಪೀಠದಲ್ಲಿ ಕುಳಿತವರೂ ಮೆಚ್ಚಿದರು. ಇದನ್ನು ಅರ್ಧ ಒಪ್ಪುತ್ತೇನೆ. ಆಶ್ರಯ ಒಂದು ಅಭಿಪ್ರಾಯವನ್ನು ಹುಟ್ಟಿಸುತ್ತದೆ ಎಂದು ನಾನು ಹೇಳುತ್ತಿಲ್ಲ. ಕೆಲವು ಪ್ರಶ್ನೆಗಳನ್ನು ಅದು ಸಹಜವಾಗಿಸುತ್ತದೆ, ಇನ್ನು ಕೆಲವನ್ನು ನಾಲಗೆಗೇ ಬಾರದಂತೆ ಮಾಡುತ್ತದೆ. ವಿಯೆನ್ನಾದವರು ರೋಮನ್ ಕಲೆಯಲ್ಲಿ ಚಕ್ರವರ್ತಿಯನ್ನು ಬಹುಮಟ್ಟಿಗೆ ಬದಿಗಿಟ್ಟು ಬೆಳಕು ನೆರಳಿನ ಬಗ್ಗೆ ಮಾತಾಡಬಲ್ಲವರಾಗಿದ್ದರು. ಸ್ಟ್ರಾಂಗ್ ಹಾಗೆ ಬದಿಗಿಡಲಿಲ್ಲ, ಇಡಬೇಕೆಂದು ಅನ್ನಿಸಿದ ಗುರುತೂ ಇಲ್ಲ. ಅಮೆರಿಕದಲ್ಲಿ ಕೊಟ್ಟ ಉಪನ್ಯಾಸಗಳಿಂದ ಬೆಳೆದು 1915ರಲ್ಲಿ ಪ್ರಕಟವಾದ ಪುಸ್ತಕದಲ್ಲಿ ಆಕೆಯ ವಿಷಯವೇ ಸತ್ತ ಚಕ್ರವರ್ತಿ ದೇವರಾಗುವ ಬಗೆ, ಮತ್ತು ಅದೇ ಚಿತ್ರಭಾಷೆ ಸಾಮಾನ್ಯರ ಗೋರಿಕಲ್ಲುಗಳಲ್ಲಿ ಆತ್ಮದ ಪಯಣವಾಗಿ ಮರುಹುಟ್ಟು ಪಡೆಯುವ ಬಗೆ. ಚಕ್ರವರ್ತಿ ಎದುರುಮುಖವಾಗಿ, ನಡುವೆ, ಉಳಿದವರಿಗಿಂತ ಎತ್ತರವಾಗಿ ನಿಲ್ಲುವ ಚಿತ್ರವಿನ್ಯಾಸ ಮುಂದೆ ಕ್ರಿಸ್ತನ ಚಿತ್ರಕ್ಕೆ ದಾರಿಮಾಡಿತು ಎಂಬ ಆಕೆಯ ಒಳನೋಟ ಅಂದಿಗೆ ಹರಿತವಾದದ್ದು. ಆದರೆ ಆ ಪುಸ್ತಕದಲ್ಲಿ ಕೇಂದ್ರದಿಂದ ಅಂಚಿಗೆ ಮಾತ್ರ ಹರಿವು ಇದೆ. ಅಂಚಿನವರು ತಮ್ಮದೇ ಚಿತ್ರಭಾಷೆಯನ್ನು ಕಟ್ಟಿಕೊಂಡಿರಬಹುದು ಎಂಬ ಸಾಧ್ಯತೆ ಅಲ್ಲಿ ತಲೆ ಎತ್ತುವುದು ಕಡಿಮೆ.

1909ರಲ್ಲಿ ಆಕೆ ರೋಮಿನ ಬ್ರಿಟಿಷ್ ಶಾಲೆಗೆ ಉಪನಿರ್ದೇಶಕಿಯಾಗಿ, ಗ್ರಂಥಪಾಲಕಿಯಾಗಿ ಬಂದರು. ನಿರ್ದೇಶಕ ಥಾಮಸ್ ಆಶ್ಬಿ ಊರಾಚೆಯ ಹಳೆಯ ರಸ್ತೆಗಳನ್ನೂ ನೀರುಗಾಲುವೆಗಳನ್ನೂ ಕಾಲ್ನಡಿಗೆಯಲ್ಲಿ ಅಳೆಯುವ ಮನುಷ್ಯ, ಮಾತು ಕಡಿಮೆ. ಅತಿಥಿ, ರಾಯಭಾರಿ, ಕಾರ್ಡಿನಲ್, ಇಟಲಿಯ ವಿದ್ವಾಂಸ ಎಲ್ಲರನ್ನೂ ಒಂದೆಡೆ ಸೇರಿಸಿ ಆ ಶಾಲೆಗೆ ನಗರದಲ್ಲಿ ಹೆಸರು ತಂದವರು ಸ್ಟ್ರಾಂಗ್. 1911ರಲ್ಲಿ ಇಟಲಿ ಒಂದಾದ ಐವತ್ತನೇ ವರ್ಷಕ್ಕೆಂದು ಡಯೊಕ್ಲೀಷಿಯನ್‌ನ ಸ್ನಾನಗೃಹಗಳಲ್ಲಿ ರೊಡೊಲ್ಫೊ ಲಾಂಚಿಯಾನಿ ಅವರು ರೋಮನ್ ಪ್ರಾಂತಗಳ ದೊಡ್ಡ ಪ್ರದರ್ಶನ ಏರ್ಪಡಿಸಿದರು; ಸಾಮ್ರಾಜ್ಯದ ಮೂಲೆಮೂಲೆಯ ಸ್ಮಾರಕಗಳ ಪ್ಲಾಸ್ಟರ್ ಪ್ರತಿಗಳು ಅಲ್ಲಿಗೆ ಬಂದವು. ಅದರ ಬಗ್ಗೆ ಸ್ಟ್ರಾಂಗ್ ಬರೆದ ಲೇಖನ ಇಂಗ್ಲೆಂಡಿನ ರೋಮನ್ ಅಧ್ಯಯನಗಳ ಹೊಸ ಪತ್ರಿಕೆಯ ಮೊದಲ ಸಂಪುಟದಲ್ಲಿ ಅಚ್ಚಾಯಿತು. 1925ರಲ್ಲಿ ಶಾಲೆಯ ಆಡಳಿತದವರು ಆಶ್ಬಿ, ಸ್ಟ್ರಾಂಗ್ ಇಬ್ಬರ ಅವಧಿಯನ್ನೂ ಮುಂದುವರಿಸಲಿಲ್ಲ. ಆಗ ಆಕೆಗೆ 65. ಇಂಗ್ಲೆಂಡಿಗೆ ಮರಳದೆ ಅದೇ ನಗರದಲ್ಲಿ ಮನೆ ಮಾಡಿದರು. ರೋಮನ್ ಕಲೆಯ ಬಗ್ಗೆ ಎರಡು ಸಂಪುಟಗಳ ಕೈಪಿಡಿ, ಇಟಾಲಿಯನ್ನಿನಲ್ಲಿ ವಿಸ್ತರಿಸಿ ಬರೆದ ರೋಮನ್ ಶಿಲ್ಪದ ಗ್ರಂಥ, 'ಕೇಂಬ್ರಿಡ್ಜ್ ಪ್ರಾಚೀನ ಇತಿಹಾಸ'ಕ್ಕೆ ಗಣರಾಜ್ಯ ಕಾಲದ ಮತ್ತು ಆಗಸ್ಟಸ್ ಕಾಲದ ಕಲೆಯ ಅಧ್ಯಾಯಗಳು, ಇವೆಲ್ಲ 1923ರಿಂದ 1934ರೊಳಗೆ ಬಂದವು. ವಿಶ್ವವಿದ್ಯಾಲಯದ ಬೆನ್ನಿಲ್ಲದೆ ಇಷ್ಟು ಕೆಲಸ ಮಾಡಿದವರು ಆ ಪೀಳಿಗೆಯಲ್ಲಿ ಹೆಚ್ಚು ಮಂದಿ ಇಲ್ಲ.

ಅದೇ ವರ್ಷಗಳಲ್ಲಿ ಮುಸೊಲಿನಿ ಆಗಸ್ಟಸ್‌ನ ವೇಷ ತೊಡುತ್ತಿದ್ದ. 1932ರಲ್ಲಿ ಕೊಲೊಸಿಯಮ್ಮಿನಿಂದ ವೆನೆಜಿಯಾ ಚೌಕದವರೆಗೆ ನೇರ ರಾಜಬೀದಿ ತೆರೆಯಲು ನಡುವಣ ಹಳೆಯ ಕೇರಿಗಳನ್ನು ಕೆಡವಿ ಅಲ್ಲಿದ್ದವರನ್ನು ಊರ ಹೊರಗಿನ ಬಡಾವಣೆಗಳಿಗೆ ಅಟ್ಟಲಾಯಿತು. 1937ರ ಸೆಪ್ಟೆಂಬರಿನಲ್ಲಿ, ಆಗಸ್ಟಸ್ ಹುಟ್ಟಿ ಎರಡು ಸಾವಿರ ವರ್ಷವಾಗುವ ನೆಪದಲ್ಲಿ, ಪುರಾತತ್ವ ಪ್ರಾಧ್ಯಾಪಕ ಜೂಲಿಯೊ ಕ್ವಿರಿನೊ ಜಿಲ್ಯೋಲಿ ಸಂಘಟಿಸಿದ ಬೃಹತ್ ಪ್ರದರ್ಶನ ಶುರುವಾಯಿತು. 1911ರ ಪ್ಲಾಸ್ಟರ್ ಪ್ರತಿಗಳೇ ಅದರ ಬೀಜ. ಆಗಸ್ಟಸ್‌ನ ಶಾಂತಿಪೀಠದ ತುಂಡುಗಳನ್ನು ನೆಲದಡಿಯ ನೀರನ್ನು ಹೆಪ್ಪುಗಟ್ಟಿಸಿ ಹೊರತೆಗೆದು, ಜೋಡಿಸಿ, 1938ರ ಸೆಪ್ಟೆಂಬರ್ 23ರಂದು ಉದ್ಘಾಟಿಸಿದರು. ಸ್ಟ್ರಾಂಗ್ ಇದನ್ನೆಲ್ಲ ಮನಸಾರೆ ಬೆಂಬಲಿಸಿದರು. ತಾವು ಮೂವತ್ತು ವರ್ಷ ಹೇಳುತ್ತ ಬಂದದ್ದನ್ನು, ರೋಮನ್ ಕಲೆ ದೊಡ್ಡದು, ಅದು ರಾಷ್ಟ್ರದ ಕಲೆ ಎಂಬುದನ್ನು, ಕೊನೆಗೂ ಒಂದು ಸರ್ಕಾರ ಕೇಳಿಸಿಕೊಂಡಿತು ಎಂದು ಆಕೆಗೆ ಅನ್ನಿಸಿರಬೇಕು. 1939ರಲ್ಲಿ ಅದೇ ಇಂಗ್ಲಿಷ್ ಪತ್ರಿಕೆಯಲ್ಲಿ, ಎಲ್ಲ ಯುಗಗಳಲ್ಲೂ ಉಳಿದು ಬಂದ ರೋಮನ್‌ತನವನ್ನು ಕೊಂಡಾಡಿ ದೀರ್ಘ ಲೇಖನ ಬರೆದರು. ಆ ವರ್ಷದ ಸೆಪ್ಟೆಂಬರಿನಲ್ಲೇ ಆಕ್ಸ್‌ಫರ್ಡಿನಿಂದ ರೊನಾಲ್ಡ್ ಸೈಮ್ ಅವರ 'ರೋಮನ್ ಕ್ರಾಂತಿ' ಹೊರಬಂತು. ಅದರಲ್ಲಿ ಆಗಸ್ಟಸ್ ಒಂದು ಗುಂಪಿನ ನಾಯಕ. ಹಣ, ಸೈನ್ಯ, ಪ್ರಚಾರ ಹಿಡಿದು ಅಧಿಕಾರ ಕಿತ್ತುಕೊಂಡವನು. ಒಂದೇ ನಗರದ ಒಂದೇ ಕಾಲದ ಬಗ್ಗೆ, ಒಂದೇ ವರ್ಷ, ಇಷ್ಟು ದೂರದ ಎರಡು ಚಿತ್ರ. ಇನ್ನೊಂದು ಸಂಗತಿ ನನಗೆ ಇದಕ್ಕಿಂತ ಭಾರವಾಗಿ ಕಾಣುತ್ತದೆ. ಸ್ಟ್ರಾಂಗ್ ಅವರ ಆಗಸ್ಟಸ್ ಅಧ್ಯಾಯವಿದ್ದ 1934ರ ಅದೇ ಕೇಂಬ್ರಿಡ್ಜ್ ಸಂಪುಟಕ್ಕೆ ಹೆರೋಡ್ ಮತ್ತು ನೀರೊ ಬಗ್ಗೆ ಬರೆದುಕೊಟ್ಟಿದ್ದವರು ಆರ್ನಾಲ್ಡೊ ಮೊಮಿಲಿಯಾನೊ ಎಂಬ ತರುಣ. ಶಾಂತಿಪೀಠ ಉದ್ಘಾಟನೆಯಾದ ಅದೇ ಶರತ್ಕಾಲದಲ್ಲಿ ಬಂದ ಜನಾಂಗೀಯ ಕಾನೂನುಗಳಿಂದ, ಯಹೂದಿ ಎಂಬ ಕಾರಣಕ್ಕೆ, ಅವರು ಟ್ಯೂರಿನ್ನಿನ ಪ್ರಾಧ್ಯಾಪಕ ಪೀಠ ಕಳೆದುಕೊಂಡು ಇಂಗ್ಲೆಂಡಿಗೆ ಹೋದರು.

ಇಲ್ಲಿ ನನ್ನ ವಾದಕ್ಕೇ ಪೆಟ್ಟು ಕೊಡುವ ಆಕ್ಷೇಪವಿದೆ. ಆಶ್ರಯದ ಬದುಕು ಆಕೆಯನ್ನು ಅಧಿಕಾರದ ಕಡೆ ಬಾಗಿಸಿತು ಎನ್ನುವುದಾದರೆ, ಭದ್ರ ಪೀಠಗಳಲ್ಲಿದ್ದವರು ನೆಟ್ಟಗೆ ನಿಂತಿರಬೇಕಿತ್ತಲ್ಲ? ನಿಲ್ಲಲಿಲ್ಲ. ಜಿಲ್ಯೋಲಿ ಪ್ರಾಧ್ಯಾಪಕರೇ. 1931ರಲ್ಲಿ ಫ್ಯಾಸಿಸ್ಟ್ ಸರ್ಕಾರಕ್ಕೆ ನಿಷ್ಠೆಯ ಪ್ರಮಾಣ ಮಾಡಬೇಕೆಂದು ಆದೇಶ ಬಂದಾಗ ಇಟಲಿಯ ಸುಮಾರು 1,200 ಪ್ರಾಧ್ಯಾಪಕರಲ್ಲಿ ಒಪ್ಪದವರು ಹನ್ನೆರಡು ಮಂದಿಯ ಆಸುಪಾಸು. ಪ್ರಾಚೀನ ಇತಿಹಾಸದ ಗೈತಾನೊ ಡೆ ಸಾಂಕ್ಟಿಸ್, ಕಲಾ ಇತಿಹಾಸದ ಲಿಯೊನೆಲ್ಲೊ ವೆಂಟೂರಿ ಆ ಸಣ್ಣ ಪಟ್ಟಿಯಲ್ಲಿದ್ದಾರೆ. ಅಂದರೆ ಸಂಬಳ ಕೊಡುವ ಪೀಠವೂ ಒಂದು ಆಶ್ರಯವೇ, ಕೊಡುವವನು ರಾಜ್ಯ. ಸ್ಟ್ರಾಂಗ್ ಅವರಿಗಂತೂ ಆ ಪ್ರಮಾಣ ಮಾಡುವ ಒತ್ತಾಯವೇ ಇರಲಿಲ್ಲ; ಆಕೆ ವಿದೇಶಿ, ಕೆಲಸದಿಂದ ಬಿಡುಗಡೆ ಹೊಂದಿದವರು. ಹಾಗಾಗಿ ಹೊಟ್ಟೆಪಾಡು ಎಂಬ ರಿಯಾಯಿತಿಯನ್ನು ಅವರಿಗೆ ಕೊಡಲಾಗದು, ನಾನು ಕೊಡುತ್ತಲೂ ಇಲ್ಲ. ಆಶ್ರಯ ಆಕೆಯಲ್ಲಿ ಉಳಿದದ್ದು ಸಂಬಳವಾಗಿ ಅಲ್ಲ, ನೋಡುವ ಅಭ್ಯಾಸವಾಗಿ. ದೊಡ್ಡ ಮನೆ, ದೊಡ್ಡ ಹೆಸರು, ದೊಡ್ಡ ಯೋಜನೆ ಕಂಡಾಗ ಅದರ ಒಳಗಿನಿಂದಲೇ ಅದನ್ನು ಅರ್ಥಮಾಡಿಕೊಳ್ಳುವ ಅಭ್ಯಾಸ. ಟ್ರೇಜನ್‌ನ ಕಂಬದ ಮೇಲುಸುತ್ತುಗಳಲ್ಲಿ ಡೇಸಿಯನ್ನರ ದೊರೆ ಡೆಸಿಬಾಲಸ್ ಕತ್ತು ಕುಯ್ದುಕೊಳ್ಳುವುದನ್ನೂ, ಕೊನೆಯಲ್ಲಿ ಸೋತ ಜನ ತಮ್ಮ ನೆಲ ಬಿಟ್ಟು ಹೊರಡುವುದನ್ನೂ ಕಂಬದ ಶಿಲ್ಪಿಗಳು ಕಡೆದಿದ್ದಾರೆ. ಆ ದೃಶ್ಯಗಳನ್ನು ಸಂಯೋಜನೆಯಾಗಿ ಚೆನ್ನಾಗಿ ಓದಬಲ್ಲ ಕಣ್ಣಿಗೆ, ರಾಜಬೀದಿಗಾಗಿ ಮನೆ ಕಳೆದುಕೊಂಡವರೂ ಸಂಯೋಜನೆಯ ಭಾಗವಾಗಿಯೇ ಕಂಡಿರಬಹುದು.

ಹಾಗಾದರೆ ಆ ವಿದ್ವತ್ತನ್ನು ಬಿಟ್ಟುಬಿಡಬೇಕೇ? ಕೆಲವರು ಬಿಟ್ಟರು, ಆದರೆ ರಾಜಕೀಯದ ಕಾರಣಕ್ಕಲ್ಲ. ಜಾಸ್ಲಿನ್ ಟಾಯ್ನ್‌ಬಿ 1934ರಲ್ಲಿ ಹೇಡ್ರಿಯನ್ ಕಾಲದ ಕಲೆಯ ಬಗ್ಗೆ ಬರೆದಾಗ ಅದನ್ನು ಗ್ರೀಕ್ ಕಲೆಯ ಇತಿಹಾಸದ ಒಂದು ಅಧ್ಯಾಯ ಎಂದೇ ಕರೆದರು. ರೋಮನ್ ಕಲೆಗೆ ಪ್ರತ್ಯೇಕ ಆತ್ಮವಿದೆ ಎಂಬ ಮಾತೇ ಅವರಿಗೆ ಒಪ್ಪಿಗೆಯಿಲ್ಲ. 1951ರಿಂದ 1962ರವರೆಗೆ ಕೇಂಬ್ರಿಡ್ಜಿನಲ್ಲಿ ಶಾಸ್ತ್ರೀಯ ಪುರಾತತ್ವದ ಪೀಠದಲ್ಲಿ ಕುಳಿತ ಮೊದಲ ಮಹಿಳೆ ಅವರು, ಸ್ಟ್ರಾಂಗ್ ಎಂದೂ ತಲುಪದ ಜಾಗ. ಬರ್ನಾರ್ಡ್ ಬೆರೆನ್‌ಸನ್ 1954ರಲ್ಲಿ ಕಾನ್‌ಸ್ಟಂಟೈನ್‌ನ ಕಮಾನನ್ನು ರೂಪದ ಅವನತಿಗೆ ಉದಾಹರಣೆಯಾಗಿ ಮತ್ತೆ ಎತ್ತಿಕೊಂಡರು. ನನಗೆ ಈ ಇಬ್ಬರ ವಾದವೂ ಒಪ್ಪಿಗೆಯಾಗುವುದಿಲ್ಲ. ಟ್ರೇಜನ್‌ನ ಕಂಬಕ್ಕೆ ಗ್ರೀಕ್ ತಂದೆಯನ್ನು ಹುಡುಕುವುದು ಬಹಳ ಕಷ್ಟ. ಸ್ಟ್ರಾಂಗ್ ಅವರ ಪ್ರಶ್ನೆಯನ್ನು ಉಳಿಸಿಕೊಂಡು ಅವರ ಉತ್ತರವನ್ನು ತಲೆಕೆಳಗು ಮಾಡಿದವರು ಇಟಲಿಯ ರಾನುಚ್ಚೊ ಬಿಯಾಂಕಿ ಬಾಂದಿನೆಲ್ಲಿ. ಸಿಯೆನಾದ ಶ್ರೀಮಂತ ಮನೆತನದ ಮಗ, ಜರ್ಮನ್ ಬಲ್ಲವರೆಂದು 1938ರಲ್ಲಿ ಹಿಟ್ಲರ್ ಮತ್ತು ಮುಸೊಲಿನಿಗೆ ವಸ್ತುಸಂಗ್ರಹಾಲಯಗಳನ್ನು ತೋರಿಸುವ ಕೆಲಸಕ್ಕೆ ನಿಯೋಜಿತರಾದವರು, ಯುದ್ಧದ ಕೊನೆಯಲ್ಲಿ ಕಮ್ಯುನಿಸ್ಟ್ ಪಕ್ಷ ಸೇರಿದವರು. ರೋಮನ್ ಕಲೆ ಅಧಿಕಾರದ ಕೇಂದ್ರದ ಕಲೆ ಎಂಬುದನ್ನು ಅವರು ಒಪ್ಪಿದರು. 1969ರ ಅವರ ಪುಸ್ತಕದ ಹೆಸರೇ ಅದನ್ನು ಹೇಳುತ್ತದೆ. ಜೊತೆಗೆ 1967ರಲ್ಲಿ ಅವರು ಇನ್ನೊಂದು ಧಾರೆಯನ್ನು ಗುರುತಿಸಿ ಅದನ್ನು ಪ್ಲೆಬಿಯನ್ ಕಲೆ ಎಂದು ಕರೆದರು. ಬಿಡುಗಡೆ ಹೊಂದಿದ ಗುಲಾಮರು, ಸಣ್ಣ ಊರುಗಳ ಅಧಿಕಾರಿಗಳು, ಕಸುಬುದಾರರು ತಮಗಾಗಿ ಮಾಡಿಸಿಕೊಂಡ, ಅಳತೆಯ ಹಂಗಿಲ್ಲದ, ಮುಖ್ಯನಾದವನನ್ನು ದೊಡ್ಡದಾಗಿ ತೋರುವ ಕಲೆ. ಕೊನೆಗಾಲದ ಸಾಮ್ರಾಜ್ಯದ ಎದುರುಮುಖದ ಶೈಲಿಯ ಬೇರು ಇದರಲ್ಲಿದೆ ಎಂದರು. ಸ್ಟ್ರಾಂಗ್ ಮೇಲಿನಿಂದ ಕೆಳಕ್ಕೆ ಎಳೆದ ಗೆರೆಯನ್ನು ಇವರು ಕೆಳಗಿನಿಂದ ಮೇಲಕ್ಕೆ ಎಳೆದರು. ಈ ಮೇಲು ಕೆಳಗಿನ ವಿಂಗಡಣೆ ತೀರಾ ಸರಳ ಎಂದು ಅವರ ನಂತರದವರು ಟೀಕಿಸಿದ್ದೂ ನ್ಯಾಯವೇ.

ರೋಮಿನ ಪೋರ್ತಾ ಮಜ್ಜೋರೆಯ ಸುತ್ತ ಇದಕ್ಕೆ ಒಳ್ಳೆಯ ಸಾಕ್ಷ್ಯವಿದೆ. 1917ರಲ್ಲಿ ಅಲ್ಲಿನ ರೈಲು ಹಳಿಯ ಕೆಳಗೆ ನೆಲ ಕುಸಿದು, ಗಾರೆಯ ಉಬ್ಬುಚಿತ್ರಗಳಿಂದ ತುಂಬಿದ ಒಂದು ನೆಲದಡಿಯ ಸಭಾಂಗಣ ಬಯಲಾಯಿತು. ಪುರಾಣದ ನಾಯಕ ನಾಯಕಿಯರು, ಬಂಡೆಯಿಂದ ಸಮುದ್ರಕ್ಕೆ ಧುಮುಕುವ ಸ್ಯಾಫೊ. ಸ್ಟ್ರಾಂಗ್ 1924ರಲ್ಲಿ ನೋರಾ ಜಾಲಿಫ್ ಜೊತೆ ಸೇರಿ ಅದರ ಬಗ್ಗೆ ವಿವರವಾಗಿ ಬರೆದರು. ಆತ್ಮ, ಪರಲೋಕ, ರಹಸ್ಯಪಂಥ ಎಲ್ಲವೂ ಆಕೆಗೆ ಪ್ರಿಯವಾದ ವಿಷಯ. ಅಲ್ಲಿಂದ ಕೂಗಳತೆಯಲ್ಲಿ, ನೆಲದ ಮೇಲೆ, ಯೂರಿಸೆಸೀಸ್ ಎಂಬ ರೊಟ್ಟಿ ವ್ಯಾಪಾರಿಯ ಸಮಾಧಿ ನಿಂತಿದೆ. ಕ್ರಿಸ್ತಪೂರ್ವ ಮೊದಲ ಶತಮಾನದ್ದು. ಸಾಲಾಗಿ ದುಂಡನೆಯ ತೂತುಗಳು, ಮೇಲ್ಗಡೆ ಹಿಟ್ಟು ಬೀಸಿ, ನಾದಿ, ಒಲೆಗಿಟ್ಟು, ತೂಗಿ ಕೊಡುವವರೆಗಿನ ಪೂರ್ತಿ ಕೆಲಸದ ಉಬ್ಬುಶಿಲ್ಪ. ಕಥನ ಕಡಿಯದೆ ಸಾಗುವ ಕ್ರಮ, ಒಡೆಯನ ಖರ್ಚು, ನಾಲ್ಕು ಜನ ಓಡಾಡುವ ಜಾಗ, ಆತನ ಹೆಸರನ್ನು ಸಾರುವ ಶಾಸನ: ಟ್ರೇಜನ್‌ನ ಕಂಬವನ್ನು ಓದಲು ಸ್ಟ್ರಾಂಗ್ ಬಳಸಿದ ಒಂದೊಂದು ಉಪಕರಣವೂ ಇಲ್ಲಿಗೆ ಹೊಂದುತ್ತದೆ. 1981ರಲ್ಲಿ ನಟಾಲಿ ಕ್ಯಾಂಪೆನ್ ಅವರು ಆಸ್ಟಿಯಾ ಬಂದರಿನ ದುಡಿಯುವ ಹೆಂಗಸರ ಚಿತ್ರಗಳ ಬಗ್ಗೆ ಪುಸ್ತಕ ಬರೆದಾಗ ಮಾಡಿದ್ದು ಬಹುಮಟ್ಟಿಗೆ ಇದನ್ನೇ. ಅಲ್ಲಿನ ಒಂದು ಉಬ್ಬುಶಿಲ್ಪದಲ್ಲಿ ಅಂಗಡಿಕಟ್ಟೆಯ ಹಿಂದೆ ಒಬ್ಬ ಹೆಂಗಸು ನಿಂತು ಗಿರಾಕಿಗೆ ಸರಕು ಕೊಡುತ್ತಿದ್ದಾಳೆ. ಬುಟ್ಟಿಯ ಮುಂದೆ ಒಂದು ಬಸವನಹುಳು, ಕಟ್ಟೆಯ ಮೇಲೆ ಎರಡು ಕೋತಿ, ಕೆಳಗೆ ಮೊಲದ ಗೂಡು. ಗ್ರೀಕ್ ಮೂಲವಿರಬೇಕೆಂದು ಹುಡುಕುವವರಿಗೆ ಇದರಲ್ಲಿ ಏನೂ ಸಿಗದು. ಆಜ್ಞೆ ಕೊಟ್ಟು ಮಾಡಿಸಿದವರು ಯಾರು, ದಾರಿಹೋಕರಿಗೆ ಏನು ಹೇಳಬಯಸಿದರು ಎಂದು ಕೇಳಿದರೆ ಸಿಗುತ್ತದೆ. ಹಾಗೆ ಕೇಳುವುದನ್ನು ಇಂಗ್ಲಿಷ್ ಓದುಗರಿಗೆ ರೂಢಿ ಮಾಡಿಸಿದ್ದು 1907ರ ಆ ಗ್ರಂಥ. ಅದನ್ನು ಬರೆದವರು ಆ ಪ್ರಶ್ನೆಯನ್ನು ಹಿಡಿದು ಹೆಚ್ಚಾಗಿ ಅರಮನೆ, ಕಮಾನು, ಬಲಿಪೀಠಗಳ ಬಾಗಿಲನ್ನೇ ತಟ್ಟಿದರು.